ಬಾಸ್ಕೆಟ್‌ಬಾಲ್ ಬಿಟ್ಟು ಬೇರೆ ಆಟಕ್ಕೆ ಹೋದ್ರೆ ಇಷ್ಟು ವರ್ಷ ಆಡಿದ್ದೆಲ್ಲ ಹಾಳಾಯ್ತಾ?

ಓದುಗರ ಪ್ರಶ್ನೆ – ಆಟದ ಅಂಕಣ

ಹಿಂದಿನ ಸಂಚಿಕೆಯಲ್ಲಿ ಆಸ್ಟ್ರೇಲಿಯಾದ ಎರಿನ್ ಫಿಲಿಪ್ಸ್ ಬಗ್ಗೆ ನಾಲ್ಕು ಸಾಲು ಬರ್ದಿದ್ದೆ, ಬಾಸ್ಕೆಟ್‌ಬಾಲಲ್ಲಿ ಒಲಿಂಪಿಕ್ಸ್ ಬೆಳ್ಳಿ ಗೆದ್ದವರು 31ನೇ ವಯಸ್ಸಲ್ಲಿ ಆಸ್ಟ್ರೇಲಿಯನ್ ರೂಲ್ಸ್ ಫುಟ್‌ಬಾಲಿಗೆ (ಮೊಟ್ಟೆ ಆಕಾರದ ಬಾಲನ್ನ ಕೈ, ಕಾಲು ಎರಡರಲ್ಲೂ ಆಡೋ ಅಲ್ಲಿಯ ಆಟ) ಬಂದು ಅಲ್ಲೂ ಚಾಂಪಿಯನ್ ಆದ್ರು ಅಂತ. ಅಷ್ಟಕ್ಕೇ ಕಾರವಾರ, ಕುಮಟಾ, ಸಿರ್ಸಿ, ಹಳಿಯಾಳ ಎಲ್ಲ ಕಡೆಯಿಂದ ಪ್ರಶ್ನೆ ಬಂದಿದೆ. ಈ ಸಲ ಜಾಗ ಪೂರ್ತಿ ಅದಕ್ಕೇ ಕೊಡ್ತೀನಿ.

ಪ್ರಶ್ನೆ: ಅಕ್ಕಾ, ನಂಗೆ 19 ವರ್ಷ, ಡಿಗ್ರಿ ಎರಡನೇ ವರ್ಷ. ಆರನೇ ಕ್ಲಾಸಿಂದ ಬಾಸ್ಕೆಟ್‌ಬಾಲ್ ಆಡ್ತಾ ಇದ್ದೀನಿ. ಈಗ ನಮ್ಮ ಕಾಲೇಜಲ್ಲಿ ಐದು ಜನ ಹುಡುಗಿಯರೂ ಸೇರಲ್ಲ, ಟೀಮೇ ಇಲ್ಲ. ಕಬಡ್ಡಿ ಕೋಚ್ ನನ್ನ ಹೈಟ್ ನೋಡಿ ಬಾ ಅಂತಾ ಇದಾರೆ. ಫ್ರೆಂಡ್ಸ್ ಮಾತ್ರ ಇಷ್ಟು ವರ್ಷ ಆಡಿದ್ದು ವೇಸ್ಟ್ ಅಂತಾರೆ. ಎರಿನ್ ಬಗ್ಗೆ ಓದಿದ ಮೇಲೆ ತಲೇಲಿ ಅದೇ ಓಡ್ತಾ ಇದೆ, ನಾನು ಹೋಗ್ಲಾ ಬೇಡ್ವಾ?
– ಓದುಗಿ, ಕಾರವಾರ

ಉತ್ತರ: ಹೋಗು ತಂಗಿ. ಯಾಕೆ ಅಂತ ಹೇಳ್ತೀನಿ, ಸ್ವಲ್ಪ ಉದ್ದ ಆಗುತ್ತೆ.

ಎರಿನ್ ಕತೆಯನ್ನ ಎಲ್ರೂ "ಬಾಸ್ಕೆಟ್‌ಬಾಲ್ ಬಿಟ್ಟು ಫುಟ್‌ಬಾಲಿಗೆ ಹೋದೋರು" ಅಂತ ಹೇಳ್ತಾರೆ, ಆದ್ರೆ ಅದು ಕತೆಯ ಅರ್ಧ ಮಾತ್ರ. ಅವರು ಅಡಿಲೇಡಿನವರು, ಹುಟ್ಟಿದ್ದು 1985ರಲ್ಲಿ, ಅಪ್ಪ ಗ್ರೆಗ್ ಫಿಲಿಪ್ಸ್ ಪೋರ್ಟ್ ಅಡಿಲೇಡ್ ಕ್ಲಬ್ಬಿನ ದೊಡ್ಡ ಫುಟ್‌ಬಾಲ್ ಆಟಗಾರ. ಮಗಳು ಚಿಕ್ಕವಳಿದ್ದಾಗಿಂದ ಹುಡುಗರ ಜೊತೆ ಅದೇ ಆಟ ಆಡ್ತಾ ಬೆಳೆದ್ಳು, ಚೆನ್ನಾಗೇ ಆಡ್ತಿದ್ಳು. 13 ವರ್ಷ ಆದ ಮೇಲೆ ಹುಡುಗರ ಟೀಮಲ್ಲಿ ಹುಡುಗಿ ಆಡೋ ಹಾಗಿಲ್ಲ ಅಂತಾಯ್ತು, ಮುಂದೆ ಹುಡುಗಿಯರಿಗೆ ಅಂತ ದಾರಿನೇ ಇರ್ಲಿಲ್ಲ. ಆವಾಗ ಹಿಡಿದದ್ದು ಬಾಸ್ಕೆಟ್‌ಬಾಲ್. ಹಿಡಿದ ಮೇಲೆ ಅರೆಮನಸ್ಸಲ್ಲಿ ಆಡ್ಲಿಲ್ಲ ನೋಡು: 2006ರಲ್ಲಿ ಆಸ್ಟ್ರೇಲಿಯಾ ವಿಶ್ವ ಚಾಂಪಿಯನ್ ಆದಾಗ ಆ ಟೀಮಲ್ಲಿದ್ರು, 2008 ಬೀಜಿಂಗಲ್ಲಿ ಬೆಳ್ಳಿ, ಅಮೆರಿಕದ ಡಬ್ಲ್ಯೂಎನ್‌ಬಿಎ ಲೀಗಲ್ಲಿ 2012ರಲ್ಲಿ ಇಂಡಿಯಾನಾ ಫೀವರ್ ಜೊತೆ, 2014ರಲ್ಲಿ ಫೀನಿಕ್ಸ್ ಮರ್ಕ್ಯುರಿ ಜೊತೆ ಚಾಂಪಿಯನ್. 2016ರ ರಿಯೋ ಒಲಿಂಪಿಕ್ಸಲ್ಲಿ ಕ್ವಾರ್ಟರ್‌ಫೈನಲಲ್ಲಿ ಸರ್ಬಿಯಾ ಎದುರು ಬರೀ ಎರಡು ಪಾಯಿಂಟಲ್ಲಿ ಸೋತು ವಾಪಸ್ ಬಂದ್ರು. ಅದಾಗಿ ಅರ್ಧ ವರ್ಷಕ್ಕೆ, 2017ರ ಫೆಬ್ರವರಿಯಲ್ಲಿ ಆ ಫುಟ್‌ಬಾಲಿನ ಹೆಂಗಸರ ವೃತ್ತಿಪರ ಲೀಗು ಎಎಫ್‌ಎಲ್‌ಡಬ್ಲ್ಯೂ ಎಂಟು ಟೀಮಿಂದ ಶುರುವಾಯ್ತು, ಎರಿನ್ ಅಡಿಲೇಡ್ ಕ್ರೋಸ್ ಜರ್ಸಿ ಹಾಕಿ ಇಳಿದ್ರು. ಮನೇಲಿ ಕೆಲವೇ ತಿಂಗಳ ಅವಳಿ ಕೂಸುಗಳು ಬೇರೆ.

ಮೊದಲ ಸೀಸನ್ನಲ್ಲೇ ಏನಾಯ್ತು ಅಂದ್ರೆ, ಅಡಿಲೇಡ್ ಫೈನಲಲ್ಲಿ ಬ್ರಿಸ್ಬೇನನ್ನ 35–29ರಿಂದ ಸೋಲಿಸ್ತು, ಫೈನಲಿನ ಬೆಸ್ಟ್ ಪ್ಲೇಯರ್ ಎರಿನ್, ಇಡೀ ಲೀಗಿನ ಬೆಸ್ಟ್ ಪ್ಲೇಯರೂ ಎರಿನ್. 18 ವರ್ಷ ಮುಟ್ಟದೇ ಇದ್ದ ಆಟ!

ಈಗ ನಿನ್ನ ಫ್ರೆಂಡ್ಸ್ ಹೇಳೋ "ವೇಸ್ಟ್" ಮಾತಿಗೆ ಬರ್ತೀನಿ. ನಂಗೆ ಆ ಮಾತು ಕೇಳಿದ್ರೆ ಸಿಟ್ಟು ಬರುತ್ತೆ. ಮೈ ಕಲಿತದ್ದು ಆಟದ ಹೆಸರು ನೋಡ್ಕೊಂಡು ಕೂರಲ್ಲ. ಬಾಸ್ಕೆಟ್‌ಬಾಲಲ್ಲಿ ರಿಬೌಂಡಿಗೆ, ಅಂದ್ರೆ ಬುಟ್ಟಿಗೆ ಬೀಳದೇ ವಾಪಸ್ ಬರೋ ಬಾಲಿಗೆ, ನೀನು ಏನು ಮಾಡ್ತೀಯಾ, ಎದುರಾಳಿಗೆ ಬೆನ್ನು ಕೊಟ್ಟು ಜಾಗ ಹಿಡೀತೀಯಾ, ಬಾಲು ಎಲ್ಲಿ ಬೀಳುತ್ತೆ ಅಂತ ಮೊದಲೇ ಲೆಕ್ಕ ಹಾಕ್ತೀಯಾ, ಮೇಲೆ ಹಾರಿ ಎರಡು ಕೈಯಲ್ಲಿ ಕಸ್ಕೊಂಡು ಗಟ್ಟಿ ನಿಂತು ಇಳೀತೀಯಾ. ಆಸ್ಟ್ರೇಲಿಯನ್ ಫುಟ್‌ಬಾಲಲ್ಲಿ ಮಾರ್ಕ್ ಅಂತಾರೆ, 15 ಮೀಟರಿಗಿಂತ ದೂರದಿಂದ ಒದ್ದ ಬಾಲನ್ನ ನೆಲಕ್ಕೆ ಬೀಳೋ ಮೊದಲು ಹಿಡಿಯೋದು, ಅದಕ್ಕೂ ಇದೇ ಕೆಲಸ. ಆಟ ಶುರು ಮಾಡೋವಾಗ ಅಂಪೈರ್ ಬಾಲನ್ನ ಮೇಲೆ ಹಾರಿಸಿದಾಗ ಇಬ್ಬರು ಎತ್ತರದವರು ಹಾರಿ ತಮ್ಮವರ ಕಡೆ ತಟ್ಟೋದು ಬಾಸ್ಕೆಟ್‌ಬಾಲ್ ಶುರು ಮಾಡೋ ಜಂಪ್ ಬಾಲೇ. ಗುಂಪಿನ ಮಧ್ಯ ಸಿಕ್ಕಿಹಾಕ್ಕೊಂಡು ಕಣ್ಣಂಚಲ್ಲಿ ಫ್ರೀ ಇರೋಳನ್ನ ನೋಡಿ ಟಕ್ ಅಂತ ಪಾಸ್ ಕೊಡೋದು ಪಾಯಿಂಟ್ ಗಾರ್ಡಿನ ಕೆಲಸ, ಎರಿನ್ ಗಾರ್ಡ್ ಆಗಿದ್ದವರು, ಆ ಕಣ್ಣು ಅವರ ಜೊತೆಗೇ ಹೋಯ್ತು.

ಹಾಗಂತ ಎಲ್ಲವೂ ಬಿಟ್ಟಿ ಸಿಗಲ್ಲ. ಬಾಸ್ಕೆಟ್‌ಬಾಲ್ ಕೋರ್ಟು 28 ಮೀಟರ್ ಉದ್ದ, ಅಲ್ಲಿಯ ಗ್ರೌಂಡು ಅಂಡಾಕಾರದ್ದು, 135ರಿಂದ 185 ಮೀಟರ್ ತನಕ ಉದ್ದ, ಓಡಿ ಓಡಿ ಉಸಿರು ಹೋಗುತ್ತೆ. ಬಾಲೂ ಮೊಟ್ಟೆ ಆಕಾರದ್ದು, ಅದನ್ನ ಹಿಡ್ಕೊಂಡು ಓಡ್ತಾ 15 ಮೀಟರಿಗೊಮ್ಮೆ ನೆಲಕ್ಕೆ ಪುಟಿಸ್ಬೇಕು ಇಲ್ಲಾ ಮುಟ್ಟಿಸ್ಬೇಕು, ನಿನ್ನ ಡ್ರಿಬ್ಲಿಂಗ್ ಕೈ ಅಲ್ಲಿ ನಡೆಯಲ್ಲ. ಪಾಸನ್ನ ಎಸೆಯೋ ಹಾಗಿಲ್ಲ, ಒಂದು ಕೈಯಲ್ಲಿ ಹಿಡಿದು ಇನ್ನೊಂದು ಮುಷ್ಟಿಯಿಂದ ಗುದ್ದಬೇಕು. ಕಿಕ್ ಅಂತೂ ಬೇರೆ ಆಟದಿಂದ ಬಂದವರಿಗೆ ಎಲ್ಲಕ್ಕಿಂತ ಕಷ್ಟ, ಎರಿನ್‌ಗೆ ಅದು ಸಣ್ಣವಳಿದ್ದಾಗಲೇ ಕಾಲಿಗೆ ಹತ್ತಿತ್ತು.

ನಿಂಗೂ ಹಾಗೇ, ಕೆಲವು ಜೊತೆಗೇ ಬರುತ್ತೆ, ಕೆಲವು ಹೊಸದಾಗಿ ಕಲೀಬೇಕು. ನಿನ್ನ ಕಾಲಿನ ಚುರುಕು, ಏಳು ಜನ ಡಿಫೆಂಡರ್ಸ್ ಎಲ್ಲಿದಾರೆ ಅಂತ ಒಂದೇ ಸಲ ನೋಡೋ ಕಣ್ಣು, ಉದ್ದ ಕೈ ಇದೆಲ್ಲ ಕಬಡ್ಡಿ ರೈಡಿಂಗಿಗೆ ಮೊದಲ ದಿನದಿಂದ ಉಪಯೋಗಕ್ಕೆ ಬರುತ್ತೆ. ಡಿಫೆನ್ಸ್ ಮಾತ್ರ ಹೊಸದಾಗಿ ಕಲೀಬೇಕು, ಬಾಸ್ಕೆಟ್‌ಬಾಲಲ್ಲಿ ಮೈ ತಾಗಿದ್ರೆ ಫೌಲ್ ಅಂತ ಇಷ್ಟು ವರ್ಷ ಕಲಿಸಿದಾರಲ್ಲ, ಇಲ್ಲಿ ತಾಗದೇ ಇದ್ರೆ ಆಟನೇ ಇಲ್ಲ. ಮೊದಮೊದಲು ಕೈ ಹಿಂದೆ ಹೋಗುತ್ತೆ, ಹೆದರ್ಬೇಡ, ಒಂದು ಸೀಸನ್ ಆಡು.

ಮತ್ತೆ ಬಾಸ್ಕೆಟ್‌ಬಾಲನ್ನ ಪೂರ್ತಿ ಬಿಡು ಅಂತ ಯಾರು ಹೇಳಿದ್ದು? ಮೋನಿಕ್ ಕಾಂಟಿ ಅಂತ ಇನ್ನೊಬ್ಬರು ಇದಾರೆ, ಆಸ್ಟ್ರೇಲಿಯಾದ ಬಾಸ್ಕೆಟ್‌ಬಾಲ್ ಲೀಗು, ಫುಟ್‌ಬಾಲ್ ಲೀಗು ಎರಡರಲ್ಲೂ ಆಡ್ತಾ ಬಂದವರು, 2018ರಲ್ಲಿ 18ನೇ ವಯಸ್ಸಲ್ಲಿ ವೆಸ್ಟರ್ನ್ ಬುಲ್‌ಡಾಗ್ಸ್ ಗೆದ್ದಾಗ ಫೈನಲಿನ ಬೆಸ್ಟ್ ಪ್ಲೇಯರ್, 2023ರಲ್ಲಿ ಲೀಗಿಗೇ ಬೆಸ್ಟ್. ನಮ್ಮ ಆರ್‌ಸಿಬಿಯಲ್ಲಿ ಆಡಿದ ಎಲಿಸ್ ಪೆರಿ ಗೊತ್ತಲ್ಲ, ಅವರು ಕ್ರಿಕೆಟ್ ಅಷ್ಟೇ ಅಲ್ಲ, ನಮಗೆಲ್ಲ ಗೊತ್ತಿರೋ ಫುಟ್‌ಬಾಲ್ (ಸಾಕರ್) ವಿಶ್ವಕಪ್‌ನಲ್ಲೂ ಆಸ್ಟ್ರೇಲಿಯಾಕ್ಕೆ ಗೋಲ್ ಹೊಡೆದವರು. ಜೆಮಿಮಾ ರೋಡ್ರಿಗಸ್ ಚಿಕ್ಕವಳಿದ್ದಾಗ ಮಹಾರಾಷ್ಟ್ರಕ್ಕೆ ಹಾಕಿ ಆಡಿದ್ದೋಳು. ನೀನೂ ಸಂಜೆ ಕಬಡ್ಡಿ ಆಡು, ಭಾನುವಾರ ಕೋರ್ಟಿಗೆ ಹೋಗಿ ಶೂಟ್ ಮಾಡು. ಸರ್ಟಿಫಿಕೇಟೆಲ್ಲ ಜೋಪಾನ ಇಟ್ಕೋ, ರೈಲ್ವೆಯಲ್ಲಿ ಎರಡೂ ಆಟದ ಹೆಂಗಸರ ಟೀಮಿದೆ, ಸ್ಪೋರ್ಟ್ಸ್ ಕೋಟಾಕ್ಕೆ ಕೇಳ್ತಾರೆ.

ಒಂದು ವಿಷಯ ಮಾತ್ರ ಬಿಡ್ಬೇಡ. ನಿನ್ನ ಕಾಲೇಜಲ್ಲಿ ಟೀಮಿಲ್ಲ ಅನ್ನೋದು ನಿನ್ನ ತಪ್ಪಲ್ಲ, 13 ವರ್ಷದ ಎರಿನ್‌ಗೆ ಟೀಮಿಲ್ಲದೇ ಇದ್ದದ್ದು ಆ ಹುಡುಗಿಯ ತಪ್ಪಲ್ಲ ಹೆಂಗೋ ಹಂಗೆ. ಅಲ್ಲಿ ವಿಕ್ಟೋರಿಯಾ ರಾಜ್ಯದಲ್ಲಿ 2003ರಲ್ಲಿ ಮೂರು ಜನ ಹುಡುಗಿಯರು ಹುಡುಗರ ಟೀಮಿಂದ ಹೊರಗೆ ಹಾಕಿದ್ದಕ್ಕೆ ಟ್ರಿಬ್ಯುನಲ್ ಮೆಟ್ಟಿಲು ಹತ್ತಿದ್ರು, ಆ ಗಲಾಟೆಯಿಂದಲೇ ಹುಡುಗಿಯರಿಗೆ ಅಂತ ಬೇರೆ ಲೀಗು ಹುಟ್ಟಿತು. ಅವರಲ್ಲಿ ಒಬ್ಬರು ಪೆನ್ನಿ ಕೂಲಾ-ರೀಡ್, ಎಎಫ್‌ಎಲ್‌ಡಬ್ಲ್ಯೂ ಶುರುವಾದಾಗ ಕಾಲಿಂಗ್‌ವುಡ್‌ಗೆ ಆಡಿದ್ರು. ಕೇಳಿದ್ದಕ್ಕೇ ಆಗಿದ್ದು ಅದು. ನೀನೂ ನಾಲ್ಕು ಜನ ಹುಡುಗಿಯರ ಸಹಿ ಹಾಕ್ಸಿ ಪ್ರಿನ್ಸಿಪಾಲರಿಗೆ ಒಂದು ಅರ್ಜಿ ಕೊಡು, ಹೊಸದಾಗಿ ಸೇರೋ ಪಿಯುಸಿ ಹುಡುಗಿಯರನ್ನೂ ಸೇರಿಸ್ಕೊಂಡು ಪ್ರಾಕ್ಟೀಸಿಗೆ ಬಿಡಿ ಅಂತ ಕೇಳು. ನಿಂಗೆ ಟೀಮ್ ಸಿಗದೇ ಇರ್ಬಹುದು, ಆದ್ರೂ ಕೇಳು.

ಪ್ರಶ್ನೆ: ನನ್ನ ಮಗಳು ಒಂಬತ್ತನೇ ಕ್ಲಾಸು, ಆಟ ಅಂದ್ರೆ ಪ್ರಾಣ. ಆ ಆಸ್ಟ್ರೇಲಿಯಾದ ಆಟದ ವಿಡಿಯೋ ತೋರ್ಸಿದ್ಳು, ನೋಡಿ ಎದೆ ಝಲ್ ಅಂತು, ಒಬ್ಬರ ಮೇಲೆ ಒಬ್ಬರು ಬೀಳ್ತಾರೆ. ಹೆಣ್ಣುಮಕ್ಕಳ ಮೊಣಕಾಲು ಬೇಗ ಹೋಗುತ್ತೆ ಅಂತ ಯಾರೋ ಹೇಳಿದ್ರು, ಹೌದಾ? ಆಡ್ಸೋದೇ ಬೇಡ ಅಂತ ಇವರಪ್ಪ ಅಂತಾರೆ.
– ತಾಯಿ, ಕುಮಟಾ

ಉತ್ತರ: ಹೌದು ಅಕ್ಕ, ಸುಳ್ಳಲ್ಲ. ಮೊಣಕಾಲಿನೊಳಗೆ ಎಸಿಎಲ್ ಅಂತ ಒಂದು ಲಿಗಮೆಂಟ್ ಇರುತ್ತೆ, ಓಡ್ತಾ ಓಡ್ತಾ ತಟ್ಟನೆ ದಿಕ್ಕು ಬದಲಿಸೋವಾಗ ಅಥವಾ ಹಾರಿ ಒಂದೇ ಕಾಲಮೇಲೆ ಇಳಿಯೋವಾಗ ಅದು ಹರಿಯುತ್ತೆ, ತುಂಬ ಸಲ ಯಾರೂ ಮುಟ್ಟದೇನೇ ಹರಿಯುತ್ತೆ. ಹುಡುಗರಿಗಿಂತ ಹುಡುಗಿಯರಲ್ಲಿ ಇದು ಜಾಸ್ತಿ. ಎರಿನ್‌ಗೇ ಆಗಿತ್ತು, 2019ರ ಫೈನಲಲ್ಲಿ, ಅಡಿಲೇಡ್ ಓವಲಲ್ಲಿ 53,034 ಜನರ ಎದುರಿಗೆ. ಆವತ್ತು ಅಳ್ತಾ ಸ್ಟ್ರೆಚರಲ್ಲಿ ಹೊರಗೆ ಹೋದ್ರು, ಹೋಗೋ ಮೊದಲು ಎಷ್ಟು ಆಡಿದ್ರು ಅಂದ್ರೆ ಬೆಸ್ಟ್ ಪ್ಲೇಯರ್ ಮೆಡಲ್ ಅವರಿಗೇ ಬಂತು. ಗುಣ ಆಗಿ ಬಂದು 2022ರಲ್ಲಿ ಮತ್ತೆ ಕಪ್ ಗೆದ್ದ ಟೀಮಲ್ಲಿದ್ರು, ಆಮೇಲೆ ಅಪ್ಪನ ಕ್ಲಬ್ಬು ಪೋರ್ಟ್ ಅಡಿಲೇಡಿನ ಹೆಂಗಸರ ಟೀಮಿಗೆ ಮೊದಲ ಕ್ಯಾಪ್ಟನ್, 2023ರಲ್ಲಿ ರಿಟೈರ್. ಆದ್ರೆ ಅವರಿಗೆ ಕ್ಲಬ್ಬಿನ ಡಾಕ್ಟರು, ಫಿಸಿಯೋ ಎಲ್ಲ ಇದ್ರು, ನಮ್ಮ ಮಕ್ಕಳಿಗೆ ಅದು ಇಲ್ಲ, ಅದಕ್ಕೇ ನಿಮ್ಮ ಹೆದರಿಕೆ ನಂಗೆ ಅರ್ಥ ಆಗುತ್ತೆ.

ಆದ್ರೆ ಆಡ್ಸೋದು ಬೇಡ ಅನ್ನೋದು ಉತ್ತರ ಅಲ್ಲ ಅಂತ ಗಟ್ಟಿಯಾಗಿ ಹೇಳ್ತೀನಿ. ಈ ಗಾಯವನ್ನ ತಕ್ಕ ಮಟ್ಟಿಗೆ ತಪ್ಪಿಸೋಕೆ ಆಗುತ್ತೆ, ದುಡ್ಡೂ ಬೇಡ. ಆಟಕ್ಕೆ ಮೊದಲು ಸುಮಾರು 20 ನಿಮಿಷದ ಒಂದು ವಾರ್ಮಪ್ ಇದೆ, ಫುಟ್‌ಬಾಲ್ ಸಂಸ್ಥೆ ಫಿಫಾದವರು ಇದನ್ನ ಮಾಡಿ ಜಗತ್ತಿಗೆಲ್ಲ ಹಂಚಿದಾರೆ: ನಿಧಾನ ಓಟ, ಸ್ಕ್ವಾಟ್, ಒಂಟಿಕಾಲಲ್ಲಿ ನಿಲ್ಲೋದು, ಪ್ಲ್ಯಾಂಕ್, ಯಾರಾದ್ರೂ ಹಿಮ್ಮಡಿ ಒತ್ತಿ ಹಿಡಿದಾಗ ಮಂಡಿ ಮೇಲೆ ನಿಂತು ನಿಧಾನ ಮುಂದಕ್ಕೆ ವಾಲೋದು, ಆಮೇಲೆ ಹಾರಿ ಇಳಿಯೋದು. ಇಳಿಯೋವಾಗ ನೀವೇ ಎದುರಿಗೆ ನಿಂತು ನೋಡಿ, ಎರಡು ಮೊಣಕಾಲು ಒಳಗೆ ಒಂದಕ್ಕೊಂದು ಹತ್ರ ಬರ್ತಾ ಇದ್ರೆ ಅದೇ ಅಪಾಯ. ಮೊಣಕಾಲು ಬಗ್ಗಿಸಿ, ಕಾಲ ಬೆರಳಿನ ದಿಕ್ಕಿಗೇ ಇಟ್ಟು, ಸದ್ದಾಗದ ಹಾಗೆ ಇಳೀ ಅಂತ ಹೇಳಿ. ವಾರಕ್ಕೆ ಎರಡು ಮೂರು ಸಲ ತಪ್ಪದೇ ಮಾಡಿದ್ರೆ ಗಾಯ ಕಮ್ಮಿ ಆಗುತ್ತೆ, ಅಧ್ಯಯನಗಳಲ್ಲೂ ಕಂಡಿದೆ.

ತಲೆಗೆ ಪೆಟ್ಟು ಬೇರೆ ವಿಷಯ, ಅದ್ರಲ್ಲಿ ಯಾವ ಸಡಿಲಿಕೆಯೂ ಬೇಡ. ಬಿದ್ದ ಮೇಲೆ ತಲೆ ತಿರುಗೋದು, ವಾಂತಿ, ಕೇಳಿದ್ದನ್ನೇ ಕೇಳೋದು, ಮಂಕಾಗಿ ಕೂರೋದು ಏನೇ ಕಂಡ್ರೂ ಆವತ್ತಿನ ಆಟ ಮುಗೀತು, ಸೀದಾ ಡಾಕ್ಟರ ಹತ್ರ. ಎಎಫ್‌ಎಲ್‌ನಲ್ಲಿ, ಅಂದ್ರೆ ಆ ಆಟದ ಗಂಡಸರ ಲೀಗಲ್ಲಿ, ಹಾಗೆ ಪೆಟ್ಟಾದವರನ್ನ ಕಮ್ಮಿ ಅಂದ್ರೂ 12 ದಿನ ಮ್ಯಾಚಿಗೆ ಇಳಿಸಲ್ಲ, ಮಕ್ಕಳಿಗೆ ಅದಕ್ಕಿಂತ ಜಾಸ್ತಿ ಬಿಡ್ಬೇಕು. "ಏನಾಗಲ್ಲ, ಆಡು" ಅನ್ನೋ ಕೋಚ್ ಇದ್ರೆ ಎದುರು ನಿಂತು ಜಗಳ ಮಾಡಿ ಅಕ್ಕ, ನಿಮ್ಮ ಹಿಂದೆ ನಾನಿದ್ದೀನಿ.

ಮನೆಯವರಿಗೆ ಹೇಳಿ, ಒಂಬತ್ತನೇ ಕ್ಲಾಸಲ್ಲಿ ಆಟ ಬಿಡಿಸಿದ್ರೆ ಆ ಹುಡುಗಿ ಮತ್ತೆ ಗ್ರೌಂಡಿಗೆ ಬರೋದು ಕಷ್ಟ, ನಮ್ಮ ಕಡೆ ಎಷ್ಟೋ ಹುಡುಗಿಯರು ಆಟದಿಂದ ಮಾಯ ಆಗೋದು ಇದೇ ವಯಸ್ಸಲ್ಲಿ.

ಪ್ರಶ್ನೆ: ನಾನು ಹೈಸ್ಕೂಲಲ್ಲಿ ಪಿಟಿ ಮಾಸ್ತರ. ಈ ಆಟವನ್ನ ನಮ್ಮ ಹುಡುಗಿಯರಿಗೆ ಒಂದ್ಸಲ ತೋರ್ಸಬೇಕು ಅಂತ ಆಸೆ. ಬಾಲ್ ಇಲ್ಲ, ಗ್ರೌಂಡ್ ಮಳೆಗಾಲ ಪೂರ್ತಿ ಕೆಸರು. ಹೆಂಗೆ ಮಾಡ್ಲಿ?
– ಮಾಸ್ತರು, ಸಿರ್ಸಿ ತಾಲೂಕು

ಉತ್ತರ: ಮಾಸ್ತರೇ, ನಿಮ್ಮಂಥವರು ಬರೆದ್ರೆ ಖುಷಿ ಆಗುತ್ತೆ. ಸಿರ್ಸಿ ಮಳೆಗೆ ಜೂನಿಂದ ಸೆಪ್ಟೆಂಬರ್ ತನಕ ಟ್ಯಾಕಲ್ (ಎದುರಾಳಿಯನ್ನ ಹಿಡಿದು ತಡೆಯೋದು) ಕಲಿಸೋ ಯೋಚನೆ ಬೇಡ, ಜಾರಿ ಬಿದ್ದು ಕೈ ಮುರ್ಕೊಳ್ತಾರೆ. ಹಾಲ್ ಅಥವಾ ಜಗುಲಿ ಇದ್ರೆ ಅಲ್ಲಿ ಹ್ಯಾಂಡ್‌ಬಾಲ್ ಕಲಿಸಿ, ಅಂದ್ರೆ ಮುಷ್ಟಿಯಿಂದ ಗುದ್ದಿ ಪಾಸ್ ಮಾಡೋದು. ಮೊಟ್ಟೆ ಬಾಲ್ ಸಿಗದೇ ಇದ್ರೆ ಹಳೇ ವಾಲಿಬಾಲೇ ಸಾಕು. ಐದೈದು ಜನ ಎರಡು ಗುಂಪು, ಎಸೆಯೋ ಹಾಗಿಲ್ಲ, ಗುದ್ದಿ ಪಾಸ್ ಮಾಡಿ ಎದುರು ಗೋಡೆ ಮುಟ್ಟಿಸ್ಬೇಕು, ಅಷ್ಟೇ ನಿಯಮ. ಹತ್ತು ನಿಮಿಷದಲ್ಲಿ ಮಕ್ಕಳು ನಿಮ್ಮನ್ನ ಮರೆತು ಆಡ್ತಾರೆ.

ಮಳೆ ಬಿಟ್ಟ ಮೇಲೆ ಗ್ರೌಂಡಿಗೆ ಬನ್ನಿ. ಎರಡೂ ತುದಿಯಲ್ಲಿ ನಾಲ್ಕು ನಾಲ್ಕು ಅಡಿಕೆ ದಬ್ಬೆ ನಿಲ್ಲಿಸಿ. ಮಧ್ಯದ ಎರಡರ ನಡುವೆ ಒದ್ರೆ ಗೋಲ್, 6 ಪಾಯಿಂಟ್, ಪಕ್ಕದ ಜಾಗದಲ್ಲಿ ಹೋದ್ರೆ ಬಿಹೈಂಡ್, 1 ಪಾಯಿಂಟ್. ಗುರಿ ತಪ್ಪಿದ್ರೂ ಒಂದು ಪಾಯಿಂಟ್ ಸಿಗೋ ಆಟ, ಹೊಸಬರಿಗೆ ಇದು ತುಂಬ ಇಷ್ಟ ಆಗುತ್ತೆ. ಗಂಡಸರ ಟೀಮಲ್ಲಿ ಗ್ರೌಂಡ್ ಮೇಲೆ 18 ಜನ, ಹೆಂಗಸರ ಲೀಗಲ್ಲಿ 16, ನೀವು ಎಂಟೆಂಟು ಜನ ಇಟ್ಕೊಳ್ಳಿ. ಟ್ಯಾಕಲ್ ಬೇಡ, ಎರಡು ಕೈಯಿಂದ ಸೊಂಟ ಮುಟ್ಟಿದ್ರೆ ಬಾಲ್ ಬಿಡ್ಬೇಕು ಅಂತ ಮಾಡಿ. ಮುಂದೆ ನಿಜವಾದ ಟ್ಯಾಕಲಿಗೆ ಬಂದಾಗ ಭುಜದ ಕೆಳಗೆ, ಮೊಣಕಾಲಿನ ಮೇಲೆ ಮಾತ್ರ ಹಿಡೀಬೇಕು, ಕಬಡ್ಡಿಯಲ್ಲಿ ಆಂಕಲ್ ಹಿಡಿಯೋ ಹುಡುಗಿಯರಿಗೆ ಇದನ್ನ ಎರಡು ಮೂರು ಸಲ ಹೇಳ್ಬೇಕಾಗುತ್ತೆ.

ಇದು ನಮ್ಮವರಿಗೆ ಸಂಬಂಧ ಇಲ್ಲದ ಆಟ ಅಂತ ಯಾರಾದ್ರೂ ಸ್ಟಾಫ್ ರೂಮಲ್ಲಿ ಅಂದ್ರೆ ಹೇಳಿ, 2017ರಲ್ಲಿ ಮೆಲ್ಬರ್ನಲ್ಲಿ ನಡೆದ ಈ ಆಟದ ಇಂಟರ್‌ನ್ಯಾಷನಲ್ ಕಪ್‌ನಲ್ಲಿ ಭಾರತದ ಟೀಮೂ ಆಡಿದೆ.

ಪ್ರಶ್ನೆ: ನಮ್ಮ ಕಡೆ ಸಿದ್ದಿ ಹುಡುಗಿಯರು ಓಟದಲ್ಲಿ, ಕುಸ್ತಿಯಲ್ಲಿ ಎಲ್ಲಾದ್ರಲ್ಲೂ ಮುಂದೆ. ಇಂಥವರನ್ನ ಹೊಸ ಹೊಸ ಆಟಕ್ಕೆ ಯಾಕೆ ತಗೊಳ್ಳಲ್ಲ?
– ಓದುಗರು, ಹಳಿಯಾಳ

ಉತ್ತರ: ತಗೊಂಡಿದ್ರು ಅಣ್ಣ, ಬಿಟ್ಟುಬಿಟ್ರು. 1980ರ ದಶಕದ ಕೊನೆಗೆ ಸಾಯ್‌ನವರು, ಅಂದ್ರೆ ಭಾರತೀಯ ಕ್ರೀಡಾ ಪ್ರಾಧಿಕಾರ, ಸ್ಪೆಷಲ್ ಏರಿಯಾ ಗೇಮ್ಸ್ ಅನ್ನೋ ಯೋಜನೆಯಲ್ಲಿ ಸಿದ್ದಿ ಮಕ್ಕಳನ್ನ ಆರಿಸಿ ಹಾಸ್ಟೆಲಲ್ಲಿಟ್ಟು ಅಥ್ಲೆಟಿಕ್ಸ್ ತರಬೇತಿ ಕೊಟ್ರು. ಅವರಲ್ಲಿ ಕೆಲವರು ರಾಷ್ಟ್ರಮಟ್ಟಕ್ಕೆ ಹೋಗಿ ಮೆಡಲ್ ತಂದ್ರು. 1990ರ ದಶಕದ ಶುರುವಿನಲ್ಲೇ ಅದು ನಿಂತುಹೋಯ್ತು, ಮಕ್ಕಳು ಮಧ್ಯದಲ್ಲೇ ಊರಿಗೆ ವಾಪಸ್. ನಂಗೆ ಈ ಇತಿಹಾಸ ಓದ್ದಾಗೆಲ್ಲ ಹೊಟ್ಟೆ ಉರಿಯುತ್ತೆ. ಪ್ರತಿಭೆ ಇದ್ದು, ಶ್ರಮ ಇದ್ದು, ನಾಲ್ಕೈದು ವರ್ಷ ತಾಳ್ಮೆ ಇಲ್ಲದೇ ಹೋಯ್ತಲ್ಲ.

ಈಗ ಮುಂಡಗೋಡ ಕಡೆ ಬ್ರಿಜಸ್ ಆಫ್ ಸ್ಪೋರ್ಟ್ಸ್ ಅನ್ನೋ ಸಂಸ್ಥೆ ಸಿದ್ದಿ ಮಕ್ಕಳ ಜೊತೆ ಕೆಲಸ ಮಾಡ್ತಾ ಇದೆ, ಒಳ್ಳೇದಾಗ್ಲಿ. ನನ್ನ ಅಭಿಪ್ರಾಯ ಒಂದೇ, "ಇವರು ಓಡೋಕೆ ಹುಟ್ಟಿದವರು" ಅಂತ ಒಂದೇ ಆಟಕ್ಕೆ ಕಟ್ಟಿಹಾಕೋದು ಬೇಡ. ಚಿಕ್ಕ ವಯಸ್ಸಲ್ಲಿ ಓಟ, ಕಬಡ್ಡಿ, ಖೋಖೋ, ಬಾಸ್ಕೆಟ್‌ಬಾಲ್ ಎಲ್ಲ ಆಡ್ಲಿ, 15–16ರ ಮೇಲೆ ಯಾವುದು ಅಂತ ಹುಡುಗಿನೇ ಆರಿಸ್ಕೊಳ್ಲಿ. ಐರ್ಲೆಂಡಿನ ಕೋರಾ ಸ್ಟಾಂಟನ್ ಅವರ ದೇಶದ ಗೇಲಿಕ್ ಫುಟ್‌ಬಾಲ್ ಆಡಿ ಆಡಿ 36 ದಾಟಿದ ಮೇಲೆ ಎಎಫ್‌ಎಲ್‌ಡಬ್ಲ್ಯೂಗೆ ಬಂದ್ರು, ಅವರ ಹಿಂದೆ ಹತ್ತಾರು ಐರಿಷ್ ಹುಡುಗಿಯರು ಬಂದು ಈಗ ಅಲ್ಲಿ ಆಡ್ತಾರೆ. ಒಬ್ಬರು ದಾರಿ ಮಾಡಿದ್ದು, ಕ್ಲಬ್ಬಿನವರು ಟಿಕೆಟ್ ಹಾಕಿ ಕರೆಸ್ಕೊಂಡದ್ದು. ಹಳಿಯಾಳದ ಹುಡುಗಿಗೂ ಯಾರಾದ್ರೂ ಟಿಕೆಟ್ ಹಾಕ್ಬೇಕು.

ಪ್ರಶ್ನೆ: ಆ ಲೀಗಲ್ಲಿ ಸಂಬಳ ಎಷ್ಟು? ಜೀವನ ನಡೆಯುತ್ತಾ?
– ಓದುಗರು, ಹೊನ್ನಾವರ

ಉತ್ತರ: ಮೊದಲ ಸೀಸನ್ 2017ರಲ್ಲಿ ಹೆಚ್ಚಿನ ಆಟಗಾರ್ತಿಯರಿಗೆ ಸಿಕ್ಕಿದ್ದು 8,500 ಆಸ್ಟ್ರೇಲಿಯನ್ ಡಾಲರ್ ಸುಮಾರು, ಕ್ಲಬ್ಬಿನ ದೊಡ್ಡ ಸ್ಟಾರ್‌ಗಳು ಅಂತ ಆರಿಸಿದವರಿಗೆ 27,000. ಅಲ್ಲಿಯ ಖರ್ಚಿಗೆ ಅದು ಏನೂ ಅಲ್ಲ, ನರ್ಸ್, ಟೀಚರ್, ಪೊಲೀಸ್ ಕೆಲಸ ಮಾಡ್ಕೊಂಡು ಸಂಜೆ ಪ್ರಾಕ್ಟೀಸಿಗೆ ಬರ್ತಿದ್ರು. 2022ರಿಂದ 18 ಕ್ಲಬ್ಬಿಗೂ ಹೆಂಗಸರ ಟೀಮಿದೆ, 2023ರಲ್ಲಿ ಆಟಗಾರರ ಸಂಘ ಕೂತು ಮಾತಾಡಿ ಮಾಡ್ಕೊಂಡ ಒಪ್ಪಂದದಲ್ಲಿ ಸರಾಸರಿ ಸಂಬಳ ಸುಮಾರು 60,000 ಡಾಲರಿಗೆ ಬಂತು, 2027ಕ್ಕೆ 82,000 ಸುಮಾರು ಆಗ್ಬೇಕು ಅಂತ ಇದೆ. ಗಂಡಸರ ಲೀಗಿನವರಿಗೆ ಇದರ ಎಷ್ಟೋ ಪಟ್ಟು ಸಿಗುತ್ತೆ, ಹಾಗಾಗಿ ಆ ಸಂಘದವರು ಇನ್ನೂ ಕೇಳ್ತಾನೇ ಇದಾರೆ, ಕೇಳ್ಲೇಬೇಕು.